ದನಿ ತಗ್ಗಿಸುವ ಚಾಳಿ

ಪುಟ್ಟಿ,

ಮೊನ್ನೆ ಎರಡು ಸಂಜೆ ನೀನು ನಮ್ಮ ಸೂರತ್ ಮನೆಯ ಹೀಂಚಕೊ, ಅಂದರೆ ತೂಗುಯ್ಯಾಲೆಯ ಮೇಲೆ ಕೂತು ಫೋನಿನೊಳಗಿದ್ದದ್ದನ್ನು ಒಂದೊಂದಾಗಿ ಅಳಿಸುತ್ತಿದ್ದೆ. ಕಾಲೇಜಿನ ಮೊದಲ ವರ್ಷ ಹಾಕಿದ್ದ ಯಾವುದೋ ವ್ಯಂಗ್ಯಚಿತ್ರ, ಒಂದು ಮೆರವಣಿಗೆಯ ಫೋಟೊ, ಯಾರದೋ ಮಾತಿಗೆ ನೀನು ಬರೆದಿದ್ದ ಎರಡು ಸಾಲು. ಏನಮ್ಮಾ ಅಂತ ಕೇಳಿದರೆ, ‘ವೀಸಾ ಸಂದರ್ಶನ ಇದೆಯಲ್ಲ ತಾತ, ಅಕೌಂಟನ್ನೆಲ್ಲ ಸಾರ್ವಜನಿಕವಾಗಿ ಇಡಬೇಕು, ಅವರು ನೋಡ್ತಾರೆ’ ಅಂದೆ. 2025ರ ಜೂನ್‌ನಿಂದ ಅಮೆರಿಕಕ್ಕೆ ಓದಲು ಹೋಗುವ ಮಕ್ಕಳಿಗೆ ಈ ನಿಯಮವಂತೆ. ಅಲ್ಲಿ ಹೋದ ಮೇಲೆ ಏನು ಬೇಕಾದರೂ ಮಾತಾಡಬಹುದು, ಹೋಗುವ ಮುಂಚೆ ಮಾತ್ರ ಬಾಯಿ ಮುಕ್ಕಳಿಸಿಕೊಂಡು ಬರಬೇಕು! ನಾನು ನಕ್ಕೆ. ಆದರೆ ಆ ರಾತ್ರಿ ನಿದ್ದೆ ಹತ್ತಲಿಲ್ಲ.

ನಿನ್ನ ಸ್ನೇಹಿತೆ ಫೋನ್ ಮಾಡಿದಾಗ ಚುನಾವಣೆಯ ಮಾತು ಬಂತು. ಗಟ್ಟಿಯಾಗಿ ನಗುತ್ತಿದ್ದವಳು ಥಟ್ಟನೆ ದನಿ ಇಳಿಸಿ, ಬಾಲ್ಕನಿಯ ಬಾಗಿಲು ಹಾಕಿಕೊಂಡೆ. ಹಾಗೆ ದನಿ ಇಳಿಸುವುದು ನನಗೆ ಚೆನ್ನಾಗಿ ಗೊತ್ತು. ಐವತ್ತು ವರ್ಷದ ಹಿಂದೆ ನಾನೂ ಹಾಗೇ ಇಳಿಸುತ್ತಿದ್ದೆ. ಈ ಕಾಗದ ಅದಕ್ಕೇ.

1975ರ ಜೂನ್ 25ರ ರಾತ್ರಿ ತುರ್ತು ಪರಿಸ್ಥಿತಿ ಬಂದಾಗ ನನಗೆ ಇಪ್ಪತ್ತು. ತಿಪಟೂರಿನ ಕಡೆಯಿಂದ ಬಂದು ಬೆಂಗಳೂರಿನ ಒಂದು ಹಾಸ್ಟೆಲಿನಲ್ಲಿದ್ದೆ. ಸರ್ವಾಧಿಕಾರ ಅಂದರೆ ನೀವು ಸಿನಿಮಾದಲ್ಲಿ ನೋಡುವ ಬೂಟುಗಾಲು, ಸೈರನ್ನು. ನಾವು ಕಂಡದ್ದು ಹಾಗಿರಲಿಲ್ಲ. ಬಸ್ಸು ಹೊತ್ತಿಗೆ ಸರಿಯಾಗಿ ಬರುತ್ತಿತ್ತು. ಹೋಟೆಲಿನ ತಿಂಡಿಗೆ ಬೆಲೆ ಕಟ್ಟಿದ್ದರು, ನಮ್ಮಂಥ ಬಡ ಹುಡುಗರಿಗೆ ಅದು ಖುಷಿಯೇ. ಆ ಬೆಲೆಗೆ ಹೋಟೆಲು ನಡೆಸುವುದು ಕಷ್ಟವಾಗಿ ಎಂಟಿಆರ್‌ನವರು ಪೊಟ್ಟಣದ ಮಿಶ್ರಣಗಳ ಕಡೆ ತಿರುಗಿದರು. ನಿನ್ನ ಅಮ್ಮ ನಿನ್ನ ಸೂಟ್‌ಕೇಸಿಗೆ ತುರುಕಿರುವ ರವೆ ಇಡ್ಲಿ ಪೊಟ್ಟಣಗಳಿಗೂ ಆ ಕಾಲದ ಋಣ ಒಂದಿಷ್ಟು ಇದೆ. ಸಂಸತ್ತಿನ ಸಮಿತಿಯ ಸಭೆಗೆಂದು ಬಂದಿದ್ದ ವಾಜಪೇಯಿ, ಅಡ್ವಾಣಿ, ಮಧು ದಂಡವತೆಯವರನ್ನು ಬೆಂಗಳೂರಲ್ಲೇ ಹಿಡಿದು ಸೆಂಟ್ರಲ್ ಜೈಲಿಗೆ ಹಾಕಿದರು. ಅದರ ಗೋಡೆಯ ಪಕ್ಕವೇ ನಾವು ದಿನಾ ನಡೆದು ಹೋಗುತ್ತಿದ್ದೆವು. ಗೋಡೆಯ ಕಡೆ ನೋಡದೆ ನಡೆಯುವುದನ್ನು ಯಾರೂ ಹೇಳಿಕೊಡದೆಯೇ ಕಲಿತುಬಿಟ್ಟೆವು.

ನನ್ನ ಕೋಣೆಯ ಗೆಳೆಯ ಕಲಿಯಲಿಲ್ಲ. ಸೈಕ್ಲೋಸ್ಟೈಲ್ ಮಾಡಿದ ಹಾಳೆಗಳನ್ನು ಲಾಂಡ್ರಿ ಬಟ್ಟೆಯ ನಡುವೆ ಇಟ್ಟುಕೊಂಡು ಬರುತ್ತಿದ್ದ. ಸೆಪ್ಟೆಂಬರಿನಲ್ಲಿ ಒಂದು ಬೆಳಗಿನ ಜಾವ ಮಫ್ತಿಯಲ್ಲಿದ್ದ ಇಬ್ಬರು ಬಂದು ಅವನನ್ನು ಎಬ್ಬಿಸಿದರು. ಹೋಗುವಾಗ ಒಬ್ಬಾತ ನನ್ನ ಕಡೆ ತಿರುಗಿ, ಇವನ ಜೊತೆ ನಿನಗೇನು ಸಂಬಂಧ ಅಂದ. ‘ಏನೂ ಇಲ್ಲ ಸಾರ್, ಕೋಣೆ ಒಂದೇ ಅಷ್ಟೆ’ ಅಂದೆ. ಎರಡು ವರ್ಷ ಒಂದೇ ತಟ್ಟೆಯಲ್ಲಿ ಉಂಡಿದ್ದೆವು. ಅವನ ಅಮ್ಮ ಕಳಿಸುತ್ತಿದ್ದ ಹುರಿಗಾಳಿನ ಅರ್ಧ ನನ್ನ ಹೊಟ್ಟೆಗೇ ಹೋಗುತ್ತಿತ್ತು. ನನ್ನನ್ನು ಯಾರೂ ಹೊಡೆಯಲಿಲ್ಲ, ಗದರಿಸಲೂ ಇಲ್ಲ. ಕೇಳಿದ್ದಕ್ಕಿಂತ ಹೆಚ್ಚು ಬೇಗ ಹೇಳಿಬಿಟ್ಟೆ, ಅದೇ ಇವತ್ತಿಗೂ ಚುಚ್ಚುವುದು.

ಆಮೇಲೆ ಹಾಸ್ಟೆಲಿನಲ್ಲಿರಲಾಗಲಿಲ್ಲ. ದೂರದ ಸಂಬಂಧಿಯೊಬ್ಬರು ಬರೋಡಾದಲ್ಲಿ ಔಷಧಿ ಕಾರ್ಖಾನೆಯೊಂದರ ಲೆಕ್ಕಪತ್ರ ವಿಭಾಗದಲ್ಲಿದ್ದರು. ಪರೀಕ್ಷೆ ಅರ್ಧಕ್ಕೇ ಬಿಟ್ಟು, ದೀಪಾವಳಿ ಕಳೆದ ವಾರ, ಮುಂಬೈ ಸೆಂಟ್ರಲ್‌ನಲ್ಲಿ ಗಾಡಿ ಬದಲಾಯಿಸಿ ಅಲ್ಲಿಗೆ ಹೋದೆ. ಸ್ವಾತಂತ್ರ್ಯ ಹುಡುಕಿಕೊಂಡು ಹೋದೆ ಅಂತ ಹೇಳಿಕೊಂಡರೆ ಸುಳ್ಳಾಗುತ್ತದೆ. ಅದೇ ಬೇಕಿದ್ದರೆ ಹೊಸೂರಿನ ಬಸ್ಸು ಹತ್ತಿದ್ದರೆ ಸಾಕಿತ್ತು. ತಮಿಳುನಾಡಿನಲ್ಲಿ ಕರುಣಾನಿಧಿಯವರ ಸರ್ಕಾರವಿತ್ತು, 1976ರ ಜನವರಿ 31ಕ್ಕೆ ಅದನ್ನು ಕಿತ್ತೊಗೆಯುವವರೆಗೂ ಎಷ್ಟೋ ಜನ ಗಡಿ ದಾಟಿ ಅಲ್ಲಿ ತಲೆಮರೆಸಿಕೊಂಡಿದ್ದರು. ನಾನು ಹೋದದ್ದು ಸಂಬಳಕ್ಕೆ ಮತ್ತು ನಾಚಿಕೆಗೆ. ಹೊರದೇಶಕ್ಕೆ ಹೊರಟವರೆಲ್ಲ ಆಮೇಲೆ ತಮ್ಮ ಪ್ರಯಾಣಕ್ಕೊಂದು ದೊಡ್ಡ ಕಾರಣ ಹೊಲಿದುಕೊಳ್ಳುತ್ತಾರೆ. ನೀನು ಹೊಲಿದುಕೊಳ್ಳಬೇಡ. ಓದಲು ಹೋದೆ, ಕೆಲಸಕ್ಕೆ ಹೋದೆ ಅಂದರೆ ಅದರಲ್ಲೇನೂ ಕಮ್ಮಿಯಿಲ್ಲ.

ಬರೋಡಾದಲ್ಲಿ ಮಾಂಡವಿಯ ಹತ್ತಿರ ಒಂದು ಪೋಳಿನಲ್ಲಿ ಬಾಡಿಗೆಗೆ ಕೋಣೆ ಸಿಕ್ಕಿತು. ಪೋಳು ಅಂದರೆ ನಮ್ಮ ಹಳೇ ಕೇರಿಯ ಹಾಗೆ, ಒಂದೇ ಬಾಗಿಲು, ಒಳಗೆ ಅಂಟಿಕೊಂಡ ಮನೆಗಳು. ಪ್ರತಿ ಮನೆಯ ಮುಂದೆ ಓಟಲೊ, ನಮ್ಮ ಜಗುಲಿ. ಮೊದಲ ಸಂಜೆಯೇ ಆ ಜಗುಲಿಗಳ ಮೇಲೆ ಮುದುಕರು ಕೂತು, ಚಹಾ ಬಸಿಗೆ ಸುರಿದುಕೊಂಡು, ಪ್ರಧಾನಿ ಇಂದಿರಾಬೇನ್ ಅನ್ನು ಬಾಯಿಗೆ ಬಂದ ಹಾಗೆ ಬೈಯುತ್ತಿದ್ದರು. ಗಟ್ಟಿಯಾಗಿ! ಬೀದಿಯಲ್ಲಿ ಪೊಲೀಸಿನವನೊಬ್ಬ ಸೈಕಲ್ ತಳ್ಳಿಕೊಂಡು ಹೋದ. ಅವರು ನಿಲ್ಲಿಸಲಿಲ್ಲ. ಅವರಲ್ಲೇ ಒಬ್ಬರು ಇಂದಿರಾ ಪಕ್ಷದವರೂ ಇದ್ದರು, ಅವರೂ ಅಷ್ಟೇ ಗಟ್ಟಿಯಾಗಿ ತಿರುಗಿಸಿ ಹೇಳುತ್ತಿದ್ದರು. ನನ್ನ ಕಾಲು ನಡುಗಿತು. ಕೋಣೆಯ ಒಳಗೆ ಹೋಗಿ ಬಾಗಿಲು ಹಾಕಿಕೊಂಡೆ.

ತುರ್ತು ಪರಿಸ್ಥಿತಿಗೆ ಗುಜರಾತಿಯಲ್ಲಿ ಕಟೋಕಟಿ ಅನ್ನುತ್ತಾರೆ. ನಮ್ಮ ಭಾಷೆಯಲ್ಲಿ ಅದರ ಹೆಸರು ಕೇಳಿದರೆ ಏನೋ ಅವಸರದ ಕೆಲಸವಿದೆ, ಸ್ವಲ್ಪ ಸುಮ್ಮನಿರಿ ಅಂದ ಹಾಗಿರುತ್ತದೆ. ಕಟೋಕಟಿ ಅಂದಾಗ ಹಲ್ಲು ಕಚ್ಚಿದ ಸದ್ದಿದೆ. ನನಗೆ ಅವರ ಪದವೇ ನಿಜವಾದ್ದು ಅನ್ನಿಸುತ್ತದೆ.

ಒಂದೇ ದೇಶ, ಒಂದೇ ಕಾನೂನು, ಅಲ್ಲಿ ಮಾತ್ರ ಏಕೆ ಉಸಿರಾಡಲಾಗುತ್ತಿತ್ತು? ಈ ಕಥೆ ಅಹಮದಾಬಾದಿನ ಎಲ್.ಡಿ. ಎಂಜಿನಿಯರಿಂಗ್ ಕಾಲೇಜಿನ ಊಟದ ಬಿಲ್ಲಿನಿಂದ ಶುರುವಾಗುತ್ತದೆ. 1973ರ ಡಿಸೆಂಬರಿನಲ್ಲಿ ಹಾಸ್ಟೆಲ್ ಮೆಸ್ಸಿನ ದರ ಶೇಕಡಾ 20ರಷ್ಟು ಏರಿತು. ಹುಡುಗರು ಕೂಗಾಡಿದರು. ಎಣ್ಣೆ, ಧಾನ್ಯದ ಬೆಲೆಗೆ ರೋಸಿಹೋಗಿದ್ದ ಊರೂ ಅವರ ಜೊತೆ ಎದ್ದಿತು. ಅದೇ ನವನಿರ್ಮಾಣ ಚಳವಳಿ. 1974ರ ಫೆಬ್ರವರಿ 9ಕ್ಕೆ ಮುಖ್ಯಮಂತ್ರಿ ಚಿಮನ್‌ಭಾಯಿ ಪಟೇಲ್ ಕೆಳಗಿಳಿದರು, ಮುಂದಿನ ತಿಂಗಳು ವಿಧಾನಸಭೆಯೇ ವಿಸರ್ಜನೆಯಾಯಿತು. ಪ್ರಾಣಗಳೂ ಹೋದವು, ಅಂಗಡಿಗಳೂ ಲೂಟಿಯಾದವು. ಎಲ್ಲ ಚೆಂದವಿತ್ತು ಅಂತ ಹೇಳಲಾರೆ. ಚುನಾವಣೆ ನಡೆಸಿ ಅಂತ ಮೊರಾರ್ಜಿ ದೇಸಾಯಿ ಉಪವಾಸ ಕೂತ ಮೇಲೆ 1975ರ ಜೂನ್‌ನಲ್ಲಿ ಮತದಾನವಾಯಿತು. ಜೂನ್ 12ಕ್ಕೆ ಫಲಿತಾಂಶ ಬರುತ್ತಿದ್ದ ಹೊತ್ತಿಗೇ ಅಲಹಾಬಾದಿನಲ್ಲಿ ನ್ಯಾಯಮೂರ್ತಿ ಜಗಮೋಹನ್‌ಲಾಲ್ ಸಿನ್ಹಾ ಇಂದಿರಾ ಅವರ ಆಯ್ಕೆ ರದ್ದು ಮಾಡಿದರು. 18ಕ್ಕೆ ಬಾಬುಭಾಯಿ ಜಶಭಾಯಿ ಪಟೇಲರ ಜನತಾ ಮೋರ್ಚಾ ಸರ್ಕಾರ ಪ್ರಮಾಣವಚನ ತೆಗೆದುಕೊಂಡಿತು. ಒಂದೇ ವಾರಕ್ಕೆ ತುರ್ತು ಪರಿಸ್ಥಿತಿ. ಪತ್ರಿಕೆಗಳ ಮೇಲೆ ದೆಹಲಿಯ ಕತ್ತರಿ ಇಲ್ಲೂ ಇತ್ತು. ಆದರೆ ಪೊಲೀಸರು ರಾಜ್ಯದವರು, ಆ ರಾಜ್ಯ ವಿರೋಧಿಗಳನ್ನು ಹಿಡಿದು ತುಂಬುವ ಉತ್ಸಾಹ ತೋರಿಸಲಿಲ್ಲ. ಸಭೆಗಳಾಗುತ್ತಿದ್ದವು. ಅಕ್ಟೋಬರಿನಲ್ಲಿ ಅಹಮದಾಬಾದಿನಲ್ಲಿ ನಾಗರಿಕ ಹಕ್ಕುಗಳ ಸಮ್ಮೇಳನ ನಡೆದು, ನಿವೃತ್ತ ನ್ಯಾಯಮೂರ್ತಿ ಎಂ.ಸಿ. ಛಾಗ್ಲಾ ಅಲ್ಲಿ ಭಾಷಣ ಮಾಡಿದರು. ದೇಶದ ಬೇರೆ ಕಡೆ ಆ ಭಾಷಣಕ್ಕೆ ಅವತ್ತೇ ಜೈಲಾಗುತ್ತಿತ್ತು.

ನಮ್ಮ ಬರೋಡಾದಿಂದ ಹೊರಡುತ್ತಿದ್ದ ‘ಭೂಮಿಪುತ್ರ’ ಅನ್ನುವ ಸರ್ವೋದಯದ ಪುಟ್ಟ ಪತ್ರಿಕೆ ಆ ಸಮ್ಮೇಳನದ ಭಾಷಣಗಳನ್ನು ಅಚ್ಚುಹಾಕಿತು. ಕತ್ತರಿಯವರು ಎರಗಿದರು. ಸಂಪಾದಕ ಚುನೀಭಾಯಿ ವೈದ್ಯ ಹೈಕೋರ್ಟಿಗೆ ಹೋದರು. ನ್ಯಾಯಮೂರ್ತಿಗಳಾದ ಜೆ.ಬಿ. ಮೆಹ್ತಾ ಮತ್ತು ಎಸ್.ಎಚ್. ಶೇಠ್ ಪತ್ರಿಕೆಯ ಪರವಾಗಿ ತೀರ್ಪು ಕೊಟ್ಟರು. 1976ರಲ್ಲಿ ದೇಶದ 16 ಹೈಕೋರ್ಟ್ ನ್ಯಾಯಮೂರ್ತಿಗಳನ್ನು ವರ್ಗ ಮಾಡಿದರಲ್ಲ, ಆ ಪಟ್ಟಿಯಲ್ಲಿ ಶೇಠ್ ಇದ್ದರು, ಆಂಧ್ರಕ್ಕೆ. ನಮ್ಮ ಕರ್ನಾಟಕದ ಡಿ.ಎಂ. ಚಂದ್ರಶೇಖರ್ ಅಲಹಾಬಾದಿಗೆ, ಸದಾನಂದಸ್ವಾಮಿ ಗೌಹಾತಿಗೆ. ವರ್ಗಾವಣೆ ಅನ್ನುವುದು ಎಷ್ಟು ಸೌಮ್ಯವಾದ ಪದ ನೋಡು. ಲೆಕ್ಕಪತ್ರದವನಾದ ನನಗೆ ಆಗಲೇ ಒಂದು ವಿಷಯ ಹೊಳೆಯಿತು: ಬೆಂಗಳೂರಿನಲ್ಲಿ ನಾವು ಕಳೆದುಕೊಂಡದ್ದಕ್ಕೆ ಯಾರ ಬಳಿಯೂ ರಸೀದಿ ಇರಲಿಲ್ಲ. ಈ ಮುದುಕ ಸಂಪಾದಕರು ಮಾತ್ರ ಕತ್ತರಿಸಿದ ಒಂದೊಂದು ಸಾಲಿಗೂ ರಸೀದಿ ಕೇಳಿದರು.

ಮಹಡಿಯ ಮೇಲೆ ಇನ್ನೊಬ್ಬ ಬಾಡಿಗೆದಾರರಿದ್ದರು. ಪೋಳಿನವರೆಲ್ಲ ಅವರನ್ನು ಕಂಪಾಲಾವಾಲಾ ಅನ್ನುತ್ತಿದ್ದರು, ನಿಜವಾಗಿ ಅವರ ಅಂಗಡಿ ಇದ್ದದ್ದು ಉಗಾಂಡಾದ ಜಿಂಜಾದಲ್ಲಿ. 1972ರ ಆಗಸ್ಟಿನಲ್ಲಿ ಇದಿ ಅಮೀನ್ 90 ದಿನದೊಳಗೆ ಏಷ್ಯಾದವರು ಜಾಗ ಖಾಲಿ ಮಾಡಬೇಕು ಅಂದಾಗ ಹೊರಬಿದ್ದವರು. ಎರಡು ತಲೆಮಾರು ಕಟ್ಟಿದ್ದ ಬಟ್ಟೆ ಅಂಗಡಿಯ ಬೀಗದ ಕೈ ಮಾತ್ರ ಜೊತೆಗೆ ತಂದಿದ್ದರು, ಮೊಳೆಗೆ ನೇತುಹಾಕಿದ್ದರು. ಅಮೀನ್ ಏನು ಮಾಡಿದ ಅಂತ ಕೇಳಿದರೆ ಅವರು ಹೆಚ್ಚು ಹೇಳುತ್ತಿರಲಿಲ್ಲ. ಒಂದು ರಾತ್ರಿ ಕರೆಂಟು ಹೋಗಿದ್ದಾಗ ಓಟಲೊ ಮೇಲೆ ಕೂತು ಅವರಾಗಿಯೇ ಹೇಳಿದರು: ‘1971ರಲ್ಲಿ ಅವನು ಅಧ್ಯಕ್ಷ ಒಬೋಟೆಯನ್ನು ಓಡಿಸಿದಾಗ ನಾವು ಮಿಠಾಯಿ ಹಂಚಿದೆವು. ಒಬೋಟೆ ಅಂಗಡಿಗಳಿಗೆ ಕೈಹಾಕುತ್ತಿದ್ದ, ಇವನು ಬಂದರೆ ಉಳೀತು ಅಂದುಕೊಂಡೆವು. ಪೇಢಾದ ಡಬ್ಬಿ ನಾನೇ ಕೊಂಡಿದ್ದೆ.’

ಅವರ ತಮ್ಮ ಇಂಗ್ಲೆಂಡಿನ ಲೆಸ್ಟರಿಗೆ ಹೋಗಿದ್ದ. ಹೋಗುವ ಮುಂಚೆ ಆ ಊರಿನ ಪುರಸಭೆ ಉಗಾಂಡಾದ ಪತ್ರಿಕೆಯಲ್ಲಿ ಜಾಹೀರಾತು ಹಾಕಿತ್ತು: ನಮ್ಮಲ್ಲಿ ಮನೆ, ಶಾಲೆ ಎಲ್ಲ ತುಂಬಿವೆ, ದಯವಿಟ್ಟು ಲೆಸ್ಟರಿಗೆ ಬರಬೇಡಿ ಅಂತ. ಜಾಹೀರಾತು ನೋಡಿಯೇ ಎಷ್ಟೋ ಜನಕ್ಕೆ ಅಂಥ ಊರೊಂದು ಇದೆ ಅಂತ ಗೊತ್ತಾಯಿತು ಅಂತ ಅವರು ನಗುತ್ತಿದ್ದರು. ನೀನು ಹೋಗುವ ಊರಿನಲ್ಲೂ ಯಾರೋ ನಿನಗೆ ಬರಬೇಡ ಅನ್ನಬಹುದು. ಅಂದವರೇ ಇಡೀ ಊರಲ್ಲ ಅಂತ ತಿಳಿದಿರು. ಆ ಲೆಸ್ಟರಿನಲ್ಲೇ ತಮ್ಮನ ಮಕ್ಕಳು ಬೆಳೆದರು, ಓದಿದರು, ಅಲ್ಲೇ ಮತ ಹಾಕುತ್ತಿದ್ದಾರೆ.

ಹೀಗೆ ನಾಲ್ಕು ತಿಂಗಳು ಕಳೆಯುವಷ್ಟರಲ್ಲಿ ನನ್ನ ದನಿಯೂ ಸ್ವಲ್ಪ ಮೇಲೆ ಬಂತು. ಮುರುಕು ಗುಜರಾತಿಯಲ್ಲಿ ನಾನೂ ಓಟಲೊ ಜಗಳಕ್ಕೆ ಇಳಿದೆ. ಆದರೆ ಬೆಂಗಳೂರಿನ ವಿಷಯ ಕೇಳಿದರೆ ಮಾತ್ರ ಮಾತು ತಿರುಗಿಸುತ್ತಿದ್ದೆ. ಗೆಳೆಯನಿಗೆ ಒಂದು ಕಾಗದ ಬರೆಯಲಿಲ್ಲ. ಬರೆದರೆ ತೆರೆದು ಓದುತ್ತಾರೆ ಅನ್ನುವ ನೆಪವಿತ್ತು. ಬರೋಡಾದಲ್ಲಿ ಕೂತವನಿಗೆ ಅದು ಭಯವೂ ಆಗಿರಲಿಲ್ಲ ಪುಟ್ಟಿ, ಬರೀ ಚಾಳಿ. ಭಯಕ್ಕೆ ಕಾರಣ ಹೋದರೂ ಚಾಳಿ ಹೋಗುವುದಿಲ್ಲ, ಟಿಕೆಟ್ಟಿಲ್ಲದೆ ಜೊತೆಗೇ ಗಾಡಿ ಹತ್ತುತ್ತದೆ.

1976ರ ಮಾರ್ಚ್ 12ಕ್ಕೆ ಬಾಬುಭಾಯಿ ಸರ್ಕಾರ ಬಿತ್ತು. ಪಕ್ಷಾಂತರ, ಬಹುಮತ ಹೋಯಿತು, ರಾಷ್ಟ್ರಪತಿ ಆಳ್ವಿಕೆ ಬಂತು. ಮಾರನೆಯ ಸಂಜೆ ಓಟಲೊ ಮೇಲೆ ಇಬ್ಬರೇ ಇದ್ದರು. ವಾರದೊಳಗೆ ಅವರೂ ಕ್ರಿಕೆಟ್ ಮಾತಾಡುತ್ತಿದ್ದರು. ಅದೇ ತಿಂಗಳು ಬರೋಡಾದಲ್ಲಿ ಡೈನಮೈಟು ಸಿಕ್ಕಿತು ಅಂತ ಕೇಸು ಶುರುವಾಗಿ, ಊರಿನ ಪತ್ರಕರ್ತರು ಕಿರೀಟ್ ಭಟ್, ವಿಕ್ರಮ್ ರಾವ್ ಒಳಗೆ ಹೋದರು. ಮುಖ್ಯ ಆರೋಪಿ ನಮ್ಮ ಮಂಗಳೂರಿನ ಜಾರ್ಜ್ ಫರ್ನಾಂಡಿಸ್, ಜೂನ್ 10ಕ್ಕೆ ಕಲ್ಕತ್ತೆಯಲ್ಲಿ ಸಿಕ್ಕರು. ಅವರಿಗಾಗಿ ಬೆಂಗಳೂರಿನಲ್ಲಿ ತಮ್ಮ ಲಾರೆನ್ಸರನ್ನು ಹಿಡಿದು ಹಣ್ಣುಗಾಯಿ ಮಾಡಿದರು. ಸಂಸ್ಕಾರ ಸಿನಿಮಾದ ಚಂದ್ರಿ ಇದ್ದಾಳಲ್ಲ, ಸ್ನೇಹಲತಾ ರೆಡ್ಡಿ, ಆಕೆಯನ್ನು ಇದೇ ಬರೋಡಾ ಕೇಸಿನ ಹೆಸರಲ್ಲಿ ಮೇ 2ಕ್ಕೆ ಬಂಧಿಸಿ ಬೆಂಗಳೂರು ಜೈಲಿನಲ್ಲಿಟ್ಟರು. ಆಸ್ತಮಾ ಇತ್ತು. ಕೊನೆಯ ಆರೋಪಪಟ್ಟಿಯಲ್ಲಿ ಆಕೆಯ ಹೆಸರೇ ಇರಲಿಲ್ಲ. 1977ರ ಜನವರಿ 15ಕ್ಕೆ ಪೆರೋಲ್ ಮೇಲೆ ಬಿಟ್ಟರು, 20ಕ್ಕೆ ತೀರಿಕೊಂಡರು. ನಾನು ಓಡಿಬಂದ ಊರಿನ ಹೆಸರು ಹೊತ್ತ ಕೇಸಿಗೆ, ನಾನು ಬಿಟ್ಟುಬಂದ ಊರಿನ ಜೈಲಿನಲ್ಲಿ ಒಬ್ಬಾಕೆ ಉಸಿರಿಗೆ ಒದ್ದಾಡಿದರು. ಈಗ ಆ ಜೈಲು ಫ್ರೀಡಂ ಪಾರ್ಕ್. ಬೆಂಗಳೂರಿನಲ್ಲಿ ಯಾರಾದರೂ ಪ್ರತಿಭಟನೆ ಮಾಡಬೇಕಾದರೆ ಅಲ್ಲೇ, ಆ ಕಾಂಪೌಂಡಿನೊಳಗೇ ಮಾಡಬೇಕಂತೆ. ನಗಬೇಕೋ ಅಳಬೇಕೋ ನೀನೇ ಹೇಳು.

ಬರೋಡಾದ ಓಟಲೊ ಸದ್ದಡಗುವುದನ್ನು ಮೊದಲು ಗುರುತಿಸಿದವರು ನಾವಿಬ್ಬರು, ಕಂಪಾಲಾವಾಲಾ ಮತ್ತು ನಾನು. ಊರಿನವರು ಇನ್ನೂ ‘ನಮ್ಮಲ್ಲಿ ಹಾಗೆಲ್ಲ ಆಗಲ್ಲ’ ಅನ್ನುತ್ತಿದ್ದರು. ನಮಗೆ ಆ ಸದ್ದಡಗುವಿಕೆಯ ಪರಿಚಯವಿತ್ತು. ಗುರುತಿಸಿ ಏನು ಮಾಡಿದೆವು? ಏನೂ ಇಲ್ಲ. ನಾವು ಹೊರಗಿನವರು, ನಮಗ್ಯಾಕೆ ಅಂದುಕೊಂಡೆವು. ನೀನು ಹೋಗುವ ದೇಶದಲ್ಲಿಯೂ ಇದೇ ಮಾತು ನಿನ್ನ ನಾಲಿಗೆಯ ತುದಿಗೆ ಬರುತ್ತದೆ. ನಮ್ಮ ಜನ ಅಲ್ಲಿ ಅದನ್ನು ಒಬ್ಬರಿಗೊಬ್ಬರು ಬುದ್ಧಿವಾದದ ಹಾಗೆ ಹೇಳಿಕೊಡುತ್ತಾರಂತೆ: ತಲೆ ಬಗ್ಗಿಸಿ ಓದು, ಗ್ರೀನ್ ಕಾರ್ಡು ಬರಲಿ, ಆಮೇಲೆ ನೋಡೋಣ. ಆ ಆಮೇಲೆ ಬಂದಾಗ ಕುತ್ತಿಗೆಗೆ ಬಗ್ಗಿಯೇ ಅಭ್ಯಾಸವಾಗಿರುತ್ತದೆ.

ಸಂಜಾಣದಲ್ಲಿ ಇಳಿದ ಪಾರ್ಸಿಗಳು, ನಿಮ್ಮಲ್ಲಿ ಹೀಗೆ ಕರಗಿ ಇರುತ್ತೇವೆ ಅಂತ, ಹಾಲಿಗೆ ಸಕ್ಕರೆ ಬೆರೆಸಿದ ಕಥೆಯನ್ನು ನಿನ್ನ ಸ್ಕೂಲಿನಲ್ಲಿ ವರ್ಷಕ್ಕೊಮ್ಮೆ ಹೇಳುತ್ತಿದ್ದರು. ಚೆಂದದ ಕಥೆ. ಆದರೆ ಆ ಕಥೆಯಲ್ಲಿ ಸಕ್ಕರೆ ಒಂದು ಮಾತೂ ಆಡುವುದಿಲ್ಲ ಅನ್ನುವುದು ನನಗೆ ಯಾವಾಗಲೂ ಕಸಿವಿಸಿ.

ಇನ್ನೊಂದು ಮಾತು, ಇದನ್ನು ಹೇಳದಿದ್ದರೆ ನಾನು ಅರ್ಧ ಸುಳ್ಳುಗಾರನಾಗುತ್ತೇನೆ. ನಮ್ಮೂರಿನ ಎರಡೂವರೆ ಎಕರೆಯನ್ನು ವಾರಕ್ಕೆ ಮಾಡುತ್ತಿದ್ದ ಕುಟುಂಬಕ್ಕೆ ಅದೇ ವರ್ಷಗಳಲ್ಲಿ ಭೂ ನ್ಯಾಯಮಂಡಳಿಯಿಂದ ಜಮೀನು ಆಯಿತು. ದೇವರಾಜ ಅರಸರ ಕಾನೂನು. ಆ ಮನೆಯವರಿಗೆ 1976 ಅಂದರೆ ಮೊದಲ ಬಾರಿ ತಲೆಯೆತ್ತಿದ ವರ್ಷ. 1977ರ ಮಾರ್ಚ್‌ನಲ್ಲಿ ಉತ್ತರ ಭಾರತವೆಲ್ಲ ಇಂದಿರಾ ಅವರನ್ನು ಸೋಲಿಸಿದಾಗ ಕರ್ನಾಟಕ 28ರಲ್ಲಿ 26 ಸ್ಥಾನವನ್ನು ಅವರ ಪಕ್ಷಕ್ಕೇ ಕೊಟ್ಟಿತು. ಗುಜರಾತು 26ರಲ್ಲಿ 16ನ್ನು ಜನತಾ ಪಕ್ಷಕ್ಕೆ ಕೊಟ್ಟಿತು. ನಮ್ಮಪ್ಪ ಜಮೀನು ಹೋದದ್ದಕ್ಕೆ ಸಾಯುವವರೆಗೂ ಶಪಿಸಿದರು. ನನಗೆ ಹಾಗನ್ನಿಸುವುದಿಲ್ಲ. ಉಳುವವನಿಗೆ ಹೊಲ ಸಿಕ್ಕಿದ್ದು ಸರಿಯೇ, ನನ್ನ ಗೆಳೆಯ ಜೈಲಿಗೆ ಹೋದದ್ದು ತಪ್ಪೇ. ಒಂದರಿಂದ ಇನ್ನೊಂದನ್ನು ಕಳೆದು ಬಾಕಿ ತೆಗೆಯಲು ಎಷ್ಟೋ ಸಲ ಕೂತಿದ್ದೇನೆ, ಲೆಕ್ಕ ತಾಳೆಯಾಗುವುದಿಲ್ಲ. ಆ ಕಾಲವನ್ನು ಹೊಗಳುವವರು ಸಿಕ್ಕಾಗ ನೀನು ಮೊದಲು ಅವರಿಗೆ ಏನು ಸಿಕ್ಕಿತ್ತು ಅಂತ ಕೇಳು.

ಸ್ವತಂತ್ರ ಅನ್ನುವ ಊರು ಎಲ್ಲರಿಗೂ ಒಂದೇ ಹೊತ್ತಿಗೆ ಸ್ವತಂತ್ರವಾಗಿರುವುದಿಲ್ಲ ಅನ್ನುವುದಕ್ಕೆ ಬರೋಡಾವೇ ಸಾಕ್ಷಿ. 1917ರಲ್ಲಿ ಅಂಬೇಡ್ಕರ್ ನ್ಯೂಯಾರ್ಕ್, ಲಂಡನ್ನಿನಲ್ಲಿ ಓದಿ ಮಹಾರಾಜರ ಕೆಲಸಕ್ಕೆಂದು ಅಲ್ಲಿಗೆ ಬಂದರು. ತಂಗಿದ್ದ ಪಾರ್ಸಿ ವಸತಿಯಿಂದ ದೊಣ್ಣೆ ಹಿಡಿದು ಬಂದವರು ಹೊರಗೆ ಹಾಕಿದರು. ಬೇರೆಲ್ಲೂ ಮನೆ ಸಿಗದೆ ಕಮಾಟಿಬಾಗ್ ಉದ್ಯಾನದಲ್ಲಿ ಹೊತ್ತು ಕಳೆದು ರಾತ್ರಿ ಗಾಡಿಗೆ ಮುಂಬೈಗೆ ಹೊರಟರು. ಆ ಅನುಭವಗಳ ಬರಹಕ್ಕೆ ಇರುವ ಹೆಸರು ‘ವೇಟಿಂಗ್ ಫಾರ್ ಎ ವೀಸಾ’. ನಿನ್ನ ವೀಸಾ ಕಾಯುವ ದಿನಗಳಲ್ಲಿ ಓದು ಅಂತ ಅದನ್ನು ನಿನ್ನ ಟೇಬಲ್ ಮೇಲಿಟ್ಟಿದ್ದೆ. ಚಾರ್ಜರಿನ ಕೆಳಗೆ ಸೇರಿಹೋಗಿದೆ. ವಿಮಾನದಲ್ಲಾದರೂ ಓದು, ತೆಳ್ಳಗಿದೆ. ಬಾಡಿಗೆ ಮನೆ ಹುಡುಕುವಾಗ ಅಲ್ಲಿ ನಿನ್ನ ಬಣ್ಣ ನೋಡಿ ಯಾರಾದರೂ ಬಾಗಿಲು ಹಾಕಿದರೆ ನೋವಾಗುತ್ತದೆ, ಆಗಲಿ. ನಮ್ಮ ಸೊಸೈಟಿಯಲ್ಲಿ ಯಾರಿಗೆಲ್ಲ ಮನೆ ಕೊಡುವುದಿಲ್ಲ ಅನ್ನುವುದೂ ಆಗ ನಿನಗೆ ನೆನಪಾಗಬೇಕು.

ನೀನು ಅಳಿಸಿದ್ದಕ್ಕೆ ನಾನು ಬೈಯುವುದಿಲ್ಲ. ಇಪ್ಪತ್ತರಲ್ಲಿ ನಾನು ಮಾಡಿದ್ದರ ಮುಂದೆ ಅದೇನೂ ಅಲ್ಲ. ವೀಸಾ ಬೇಕು, ಓದಬೇಕು, ನಿನ್ನಪ್ಪ ಸಾಲ ಮಾಡಿದ್ದಾನೆ. ಆದರೆ ಅಳಿಸಿದ್ದರ ಲೆಕ್ಕ ಇಟ್ಟುಕೋ. ಒಂದು ಪುಟ್ಟ ನೋಟ್‌ಬುಕ್ಕಿನಲ್ಲಿ, ಕೈಯಿಂದ, ಕನ್ನಡದಲ್ಲೇ ಬರಿ, ನಿನ್ನ ಅಕ್ಷರವೂ ಸುಧಾರಿಸಲಿ: ಇಂಥ ದಿನ ಇಂಥ ಮಾತು ಆಡಬೇಕೆನ್ನಿಸಿತು, ಆಡಲಿಲ್ಲ, ಕಾರಣ ಇದು. ಕಾರಣ ನಿಜವೋ ಬರೀ ಚಾಳಿಯೋ ಅಂತ ಆರು ತಿಂಗಳಿಗೊಮ್ಮೆ ತೆಗೆದು ನೋಡು. ನಾನು ಆ ಲೆಕ್ಕ ಇಡಲಿಲ್ಲ. ಎಷ್ಟು ಸಲ ಸುಮ್ಮನಿದ್ದೆ ಅಂತ ಈಗ ಕೂಡಿಸಲು ಕೂತರೆ ಒಂದೆರಡು ನೆನಪಾಗುತ್ತವೆ, ಉಳಿದದ್ದೆಲ್ಲ ನನ್ನ ಸ್ವಭಾವವೇ ಆಗಿಬಿಟ್ಟಿದೆ. ನಿನ್ನ ಅಜ್ಜಿ ‘ನಿಮ್ಮದು ಸಾಧು ಸ್ವಭಾವ’ ಅನ್ನುತ್ತಿದ್ದಳು. ಪಾಪ, ಅವಳಿಗೆ ನಾನು ಹಾಸ್ಟೆಲಿನ ಕಥೆ ಹೇಳಿರಲಿಲ್ಲ.

ಗೆಳೆಯ ಮತ್ತೆ ಸಿಕ್ಕಿದ್ದು ಹತ್ತೊಂಬತ್ತು ವರ್ಷದ ಮೇಲೆ, ತಿಪಟೂರು ಬಸ್‌ಸ್ಟ್ಯಾಂಡಿನಲ್ಲಿ. ಚುನಾವಣೆ ಘೋಷಣೆಯಾದ ಮೇಲೆ ಬಿಟ್ಟಿದ್ದರಂತೆ. ಕೊಬ್ಬರಿ ವ್ಯಾಪಾರದಲ್ಲಿದ್ದ, ಕಿವಿಯ ಹತ್ತಿರ ನರೆ. ನಾನು ಗುರುತಿಸಿಯೂ ಪೇಪರು ಮುಖಕ್ಕೆ ಹಿಡಿದುಕೊಂಡೆ. ಅವನೇ ಬಂದು ಪೇಪರು ಕೆಳಗಿಳಿಸಿ, ‘ಏನಯ್ಯಾ, ಈಗಲೂ ಸಂಬಂಧ ಇಲ್ವಾ?’ ಅಂದ. ಬಸ್‌ಸ್ಟ್ಯಾಂಡಿಗೆಲ್ಲ ಕೇಳುವ ಹಾಗೆ. ಆಮೇಲೆ ಕಾಫಿ ಕೊಡಿಸಿದ. ಅಮ್ಮ ಹೋಗಿ ಆರು ವರ್ಷವಾಯಿತು, ಹುರಿಗಾಳು ಈಗ ಹೆಂಡತಿ ಮಾಡುತ್ತಾಳೆ, ಆದರೆ ಆ ರುಚಿ ಇಲ್ಲ ಅಂದ. ಅದು ಕ್ಷಮೆಯೋ ಏನೋ ನನಗೆ ಇವತ್ತಿಗೂ ತಿಳಿಯದು, ಕೇಳುವ ಧೈರ್ಯವೂ ಬರಲಿಲ್ಲ.

ಗುರುವಾರ ಬೆಳಿಗ್ಗೆ ನಿನ್ನನ್ನು ಅಹಮದಾಬಾದಿನ ವಿಮಾನ ನಿಲ್ದಾಣಕ್ಕೆ ಬಿಡಲು ನಾನೂ ಕಾರಿನಲ್ಲಿ ಬರುತ್ತೇನೆ. ದಾರಿಯಲ್ಲಿ ಬರೋಡಾದ ಒಳಗೆ ಹೋಗಿ ಆ ಪೋಳು ತೋರಿಸುವ ಆಸೆಯಿದೆ, ನಿನ್ನಪ್ಪ ಟ್ರಾಫಿಕ್ ಅಂತ ಗೊಣಗುತ್ತಾನೆ. ಆಗದಿದ್ದರೆ ಬೇಡ. ಆದರೆ ಆ ವ್ಯಂಗ್ಯಚಿತ್ರದಲ್ಲಿ ಏನಿತ್ತು ಅಂತ ನೀನು ಹೇಳಲೇ ಇಲ್ಲ. ಕಾರಿನಲ್ಲಿ ಹೇಳು. ನನಗೆ ಎಡಗಿವಿ ಈಗ ಅಷ್ಟಾಗಿ ಕೇಳಿಸುವುದಿಲ್ಲ, ಗಟ್ಟಿಯಾಗಿ ಹೇಳಬೇಕಾಗುತ್ತದೆ.